ಊರಿನ ನೀರು

ಬೆಳಗ್ಗೆ ಮಗಳು ಖೋ-ಖೋ ಆಡೋಕೆ ಶಿವಮೊಗ್ಗಕ್ಕೆ ಹೊರಟಳು. ಅಮ್ಮ ರಾತ್ರಿಯೇ ನೀರು ಕಾಯಿಸಿ, ಆರಿಸಿ, ಐದು ಲೀಟರ್ ಕ್ಯಾನಿಗೆ ತುಂಬಿ, ಮುಚ್ಚಳದ ಮೇಲೆ ಬಟ್ಟೆ ಬಿಗಿದು ಬಾಗಿಲ ಹತ್ತಿರ ಇಟ್ಟಿದ್ದರು.

"ಪರಊರ ನೀರು ಕುಡಿದು ಗಂಟಲು ಕಟ್ಟಿದ್ರೆ ಏನ್ ಆಡ್ತೀಯ ಪುಟ್ಟಾ?"

ನನಗೆ ಸುವಾನೀ ಹುಡುಗರು ನೆನಪಾದರು.

1899. ಅಮೆರಿಕದ ಟೆನೆಸಿಯಲ್ಲಿ ಬೆಟ್ಟದ ಮೇಲಿನ ಪುಟ್ಟ ಕಾಲೇಜು, ಸುವಾನೀ. ಅವರ ಅಮೆರಿಕನ್ ಫುಟ್ಬಾಲ್ (ಚೆಂಡು ಕೈಯಲ್ಲಿ ಹಿಡಿದು ಓಡೋ ಆಟ) ತಂಡ ರೈಲು ಹತ್ತಿತು, ಜೊತೆಗೆ ಪೀಪಾಯಿಗಳಲ್ಲಿ ತಮ್ಮೂರ ಬುಗ್ಗೆಯ ನೀರು!

ನವೆಂಬರ್ 9ಕ್ಕೆ ಆಸ್ಟಿನ್‌ನಲ್ಲಿ ಟೆಕ್ಸಸ್ ವಿಶ್ವವಿದ್ಯಾಲಯದ ತಂಡದ ಮೇಲೆ 12-0 ಗೆಲುವು. ಮರುದಿನ ಹ್ಯೂಸ್ಟನ್‌ನಲ್ಲಿ ಟೆಕ್ಸಸ್ ಎ ಅಂಡ್ ಎಂ ಕಾಲೇಜಿನ ಮೇಲೆ 10-0. ಅದರ ಮರುದಿನ ನ್ಯೂ ಆರ್ಲಿಯನ್ಸ್‌ನಲ್ಲಿ ಟುಲೇನ್. ಭಾನುವಾರ ಆಟವಿಲ್ಲ. ಆಮೇಲೆ ಲೂಯಿಸಿಯಾನ ಸ್ಟೇಟ್, ಮಿಸಿಸಿಪ್ಪಿ. ಆರು ದಿನ, ಐದು ಆಟ, ಎದುರಾಳಿಗೆ ಒಂದೇ ಒಂದು ಅಂಕ ಬಿಟ್ಟುಕೊಟ್ಟಿಲ್ಲ. ರಾತ್ರಿಯೆಲ್ಲ ರೈಲಲ್ಲಿ, ಮೈಯೆಲ್ಲ ನೋವು. ಆಗ ಈಗಿನ ಹಾಗೆ ತಲೆ ಕಾಯೋ ಗಟ್ಟಿ ಹೆಲ್ಮೆಟ್ಟೂ ಇರಲಿಲ್ಲ.

ಆ ಸಲ ಆಡಿದ 12 ಆಟಗಳನ್ನೂ ಗೆದ್ದರು. ಅವರ ವಿರುದ್ಧ ಅಂಕ ಗಳಿಸಿದ್ದು ಆಬರ್ನ್ ಕಾಲೇಜಿನ ತಂಡ ಒಂದೇ. ಅದೂ 11-10, ಒಂದೇ ಅಂಕದಲ್ಲಿ ಬಚಾವ್.

ನನ್ನ ಕಣ್ಣಿಗೆ ಕಟ್ಟೋದು ಮಾತ್ರ ಆ ಪೀಪಾಯಿಗಳೇ. ಎಲ್ಲಿಯ ಟೆಕ್ಸಸ್, ಎಲ್ಲಿಯ ಬೆಟ್ಟದ ಬುಗ್ಗೆ! ಆಟ ಮುಗಿಸಿ ಬಂದವರು ಲೋಟ ತುಂಬಿಕೊಂಡು ಕುಡಿದಾಗ ಮನೆಗೆ ಬಂದಷ್ಟೇ ಹಾಯೆನಿಸಿರಬೇಕು.

ಬಸ್ ಹೊರಟಿತು. ಮಗಳು ಕಿಟಕಿಯಲ್ಲಿ ಕ್ಯಾನ್ ಎತ್ತಿ ಅಜ್ಜಿಗೆ ತೋರಿಸಿದಳು.