ಒಸ್ತಿಯಾ: ಮೂಟೆ ಹೊತ್ತವರ ಊರು

ವಿಮಾನ ರೋಮ್‌ನಲ್ಲಿ ಇಳಿಯುವ ಮೊದಲು ಕಿಟಕಿಯಿಂದ ಒಂದು ಕೆರೆ ಕಾಣಿಸಿತು. ಆರು ಮೂಲೆಯ ಕೆರೆ, ಸ್ಕೇಲು ಇಟ್ಟು ಗೆರೆ ಎಳೆದ ಹಾಗೆ. "ಅಕ್ಕಾ, ಅದು ಕೆರೆ ಅಲ್ಲ, ರೋಮನ್ ದೊರೆ ಟ್ರಾಜನ್ ಕಟ್ಟಿಸಿದ ಬಂದರು" ಎಂದ ತಮ್ಮ. ಅವನು ಜರ್ಮನಿಯಲ್ಲಿ ಓದುತ್ತಾನೆ, ಈ ಪ್ರವಾಸದ ಲೆಕ್ಕವೆಲ್ಲ ಅವನದೇ. ಕ್ಲಾಡಿಯಸ್ ದೊರೆ ಕ್ರಿ.ಶ. 42ರಲ್ಲಿ ಇಲ್ಲಿ ಮೊದಲ ಬಂದರು ಶುರು ಮಾಡಿಸಿದ. ಆದರೆ 62ರಲ್ಲಿ ಬಿರುಗಾಳಿ ಬಂದು ಬಂದರಿನ ಒಳಗೇ ಸುಮಾರು 200 ಹಡಗು ಹಾಳಾದವು ಎಂದು ಆ ಕಾಲದ ಇತಿಹಾಸಕಾರ ತ್ಯಾಸಿಟಸ್ ಬರೆದಿದ್ದಾನೆ. ಅದಾಗಿ ಹಲವು ವರ್ಷದ ಮೇಲೆ ಟ್ರಾಜನ್ ಇನ್ನೂ ಒಳಗೆ ಈ ಆರು ಮೂಲೆಯ ಕೊಳ ಅಗೆಸಿದ. ಒಂದೊಂದು ಬದಿಯೂ 350 ಮೀಟರಿಗಿಂತ ಜಾಸ್ತಿ ಉದ್ದ.

ಆ ಕೆರೆ ನನ್ನ ತಲೆಯಲ್ಲಿ ಉಳಿದುಬಿಟ್ಟಿತು. ಕೊಲೊಸಿಯಂ ನೋಡಿದೆವು, ಫೋರಂ ನೋಡಿದೆವು, ಎಲ್ಲ ಚೆನ್ನಾಗಿತ್ತು. ಆದರೂ ಅಷ್ಟು ದೊಡ್ಡ ಊರಿಗೆ ಊಟ ಎಲ್ಲಿಂದ ಬರುತ್ತಿತ್ತು ಅನ್ನೋದೇ ನನಗೆ ನೋಡಬೇಕಿತ್ತು. ಹಾಗಾಗಿ ಮೂರನೇ ದಿನ ರೋಮ್‌ನ ಹಳೇ ಬಂದರು ಊರು ಒಸ್ತಿಯಾಗೆ ಹೊರಟೆವು.

ಸೆಸ್ಟಿಯಸ್ ಅನ್ನುವವನ ಸಮಾಧಿಯ ಮೇಲೆ ಕಟ್ಟಿದ ಬಿಳಿ ಪಿರಮಿಡ್ ಇದೆಯಲ್ಲ, ಅದರ ಹತ್ತಿರದ ಸ್ಟೇಷನ್‌ನಿಂದ ಲೋಕಲ್ ರೈಲು. ಸಮುದ್ರಕ್ಕೆ ಹೋಗುವ ಹುಡುಗರಿಂದ ಬೋಗಿ ತುಂಬಿತ್ತು. ಅರ್ಧ ಗಂಟೆಯಲ್ಲಿ ಒಸ್ತಿಯಾ ಅಂತೀಕಾ ಸ್ಟೇಷನ್ ಬಂತು. ಇಳಿದು ಕಾಲುಸೇತುವೆ ದಾಟಿ ಐದು ನಿಮಿಷ ನಡೆದರೆ ಹಳೇ ಊರಿನ ಬಾಗಿಲು.

ಒಸ್ತಿಯಾ ಅಂದರೆ ಬಾಯಿ, ನದಿ ಸಮುದ್ರ ಸೇರುವ ಜಾಗ. ಈಗ ಆ ಬಾಯಿಯೂ ಇಲ್ಲ. ಹೂಳು ತುಂಬಿ ತುಂಬಿ ಸಮುದ್ರ ಸುಮಾರು 3 ಕಿ.ಮೀ. ದೂರ ಸರಿದಿದೆ, 1557ರ ದೊಡ್ಡ ನೆರೆಯಲ್ಲಿ ಟೈಬರ್ ನದಿ ದಾರಿಯನ್ನೇ ಬದಲಿಸಿಬಿಟ್ಟಿತು. ಊರಿಗೆ ಮೊದಲು ಸಿಗುವುದು ಸಮಾಧಿಗಳು. ಸತ್ತವರನ್ನು ಊರೊಳಗೆ ಇಡಬಾರದು ಎಂಬ ನಿಯಮ ಇದ್ದಿದ್ದರಿಂದ ರಸ್ತೆಯ ಎರಡೂ ಪಕ್ಕ ಸಾಲಾಗಿ ಕಟ್ಟಿದ್ದಾರೆ. ಆಮೇಲೆ ಕಲ್ಲು ಹಾಸಿದ ದೊಡ್ಡ ರಸ್ತೆ, ಒಂದು ಕಿಲೋಮೀಟರಿಗೂ ಉದ್ದ. ಎರಡೂ ಕಡೆ ಇಟ್ಟಿಗೆಯ ಗೋಡೆ, ಮೇಲೆ ಪೈನ್ ಮರಗಳ ನೆರಳು. ಜನ ತುಂಬ ಕಡಿಮೆ. ಬಾಟಲಿಗೆ ನೀರು ತುಂಬಿಸಿಕೊಂಡು ಹೋಗಿ, ಬಿಸಿಲು ಹೆಚ್ಚು.

ಅಲ್ಲಿ ಅಮೃತಶಿಲೆಯ ಅರಮನೆ ಹುಡುಕಬೇಡಿ. ಇದು ಬಾಡಿಗೆ ಮನೆಗಳ ಊರು. ಕೆಳಗೆ ಅಂಗಡಿ, ಪಕ್ಕದಲ್ಲಿ ಮೆಟ್ಟಿಲು, ಮೇಲೆ ಮೂರು ನಾಲ್ಕು ಮಹಡಿ ಮನೆಗಳು. ಮೆಟ್ಟಿಲುಗಳು ಈಗಲೂ ಇವೆ, ಹತ್ತಿದರೆ ಆಕಾಶ. ಡಯಾನಾ ಮನೆ ಎಂದು ಕರೆಯುವ ಕಟ್ಟಡದ ಎದುರಿಗೇ ಒಂದು ಹೋಟೆಲು ಇದೆ. ನಿಂತು ಕುಡಿಯುವ ಕಟ್ಟೆ, ಪಾತ್ರೆ ಇಡುವ ಮೆಟ್ಟಿಲು, ಗೋಡೆ ಮೇಲೆ ತಿಂಡಿಯ ಚಿತ್ರ, ಹೊರಗೆ ಗಿರಾಕಿಗಳಿಗೆ ಕಲ್ಲಿನ ಬೆಂಚು. ಮೇಲಿನ ಮಹಡಿಯ ಬಾಡಿಗೆದಾರರಿಗೆ ಅಡುಗೆ ಮಾಡಲು ಸರಿಯಾದ ಜಾಗ ಇರಲಿಲ್ಲ, ಇಂಥ ಕಡೆಯೇ ತಿನ್ನಬೇಕಿತ್ತು. ನಾವಿಬ್ಬರೂ ಆ ಬೆಂಚಿನ ಮೇಲೆ ಸುಮ್ನೆ ಸ್ವಲ್ಪ ಹೊತ್ತು ಕೂತೆವು. ಹತ್ತಿರದಲ್ಲೇ ಸಾರ್ವಜನಿಕ ಶೌಚಾಲಯ, ಗೋಡೆಗೆ ತಾಗಿ ಇಪ್ಪತ್ತು ಚಿಲ್ಲರೆ ಕಲ್ಲಿನ ಆಸನ, ನಡುವೆ ಮರೆ ಅಂತ ಒಂದೂ ಇಲ್ಲ.

ನಾಟಕ ಶಾಲೆಯ ಹಿಂದೆ ಇರುವ ಚೌಕಕ್ಕೆ ಬಂದಾಗ ನನಗೆ ಮಾತೇ ಹೊರಡಲಿಲ್ಲ. ನಡುವೆ ಒಂದು ಗುಡಿ, ಸುತ್ತ ಸುಮಾರು 60 ಸಣ್ಣ ಕೋಣೆ, ಒಂದೊಂದರ ಮುಂದೆ ನೆಲದಲ್ಲಿ ಕಪ್ಪು ಬಿಳಿ ಕಲ್ಲಿನ ಚಿತ್ರ. ಹಡಗು, ದೀಪಸ್ತಂಭ, ಮೀನು, ಕಾಳು ಅಳೆಯುವ ಪಾತ್ರೆ. ಇದು ಕಾರ್ತೇಜಿನವರದ್ದು, ಇದು ನಾರ್ಬೊನ್‌ನವರದ್ದು, ಇದು ಸಾರ್ಡಿನಿಯಾದ ಕಲ್ಯಾರಿಯವರದ್ದು ಎಂದು ಊರಿನ ಹೆಸರೂ ಬರೆದಿದೆ. ಈಗಿನ ಲಿಬಿಯಾದ ಸಬ್ರಾತಾ ಊರಿನವರು ಆನೆ ಬಿಡಿಸಿದ್ದಾರೆ. ಭಾರತದ್ದು ಇದೆಯಾ ಎಂದು ತಮ್ಮ ಹುಡುಕಿದ, ಇಲ್ಲ. ನಮ್ಮ ಕಡೆಯ ಮೆಣಸು ಕೆಂಪು ಸಮುದ್ರ ದಾಟಿ ಅಲೆಕ್ಸಾಂಡ್ರಿಯಾ ಸೇರಿ, ಅಲ್ಲಿಂದ ಬೇರೆಯವರ ಹಡಗಿನಲ್ಲಿ ಇಟಲಿಗೆ ಬರುತ್ತಿತ್ತು. ಅದರ ಹಣ ಮಾತ್ರ ನಮ್ಮ ತನಕ ಬಂದಿದೆ: ಚಿತ್ರದುರ್ಗದ ಚಂದ್ರವಳ್ಳಿಯಲ್ಲಿ ಆಗಸ್ಟಸ್ ಮತ್ತು ಟಿಬೇರಿಯಸ್ ಕಾಲದ ರೋಮನ್ ಬೆಳ್ಳಿ ನಾಣ್ಯಗಳು ಸಿಕ್ಕಿವೆ.

ಮೆಣಸು ಶ್ರೀಮಂತರದ್ದು, ಊರು ಬದುಕಿದ್ದು ಗೋಧಿಯಿಂದ. ಆಗಸ್ಟಸ್ ಕಾಲದಲ್ಲಿ ರೋಮ್‌ನ ಸುಮಾರು 2 ಲಕ್ಷ ಪೌರರಿಗೆ ಸರ್ಕಾರದಿಂದ ಪುಕ್ಕಟೆ ಗೋಧಿ ಸಿಗುತ್ತಿತ್ತು. ಈಜಿಪ್ಟಿನಿಂದ, ಉತ್ತರ ಆಫ್ರಿಕಾದಿಂದ ಹಡಗು ತಡವಾದರೆ ರೋಮ್‌ನಲ್ಲಿ ಗಲಾಟೆ ಆಗುತ್ತಿತ್ತು. ಇಲ್ಲಿನ ಉಗ್ರಾಣಗಳಲ್ಲಿ ನೆಲವನ್ನು ಸಣ್ಣ ಗೋಡೆಗಳ ಮೇಲೆ ಎತ್ತರಿಸಿ ಕಟ್ಟಿದ್ದಾರೆ, ಕೆಳಗೆ ಗಾಳಿಯಾಡಲಿ, ಕಾಳಿಗೆ ತೇವ ಹಿಡಿಯದಿರಲಿ ಎಂದು. ಬೆಂಕಿ ಬಿದ್ದರೆ ಏನು ಗತಿ? ಅದಕ್ಕೂ ಬೆಂಕಿ ಆರಿಸುವ ಪಡೆಯ ಬಿಡಾರವೊಂದು ಊರೊಳಗೇ ಇದೆ. ಉಗ್ರಾಣದಿಂದ ಸಣ್ಣ ದೋಣಿಗೆ ತುಂಬಿ, ದಡದ ಮೇಲಿಂದ ಹಗ್ಗ ಕಟ್ಟಿ, ನದಿಗೆ ಎದುರಾಗಿ ರೋಮ್ ತನಕ ಎಳೆದುಕೊಂಡು ಹೋಗುತ್ತಿದ್ದರು.

ಕಾಳು ಅಳೆಯುವವರ ಸಂಘದ ಕಟ್ಟಡವೂ ಇದೆ. ಅದರ ನೆಲದ ಚಿತ್ರದಲ್ಲಿ ಒಬ್ಬ ಹೆಗಲ ಮೇಲೆ ಮೂಟೆ ಹೊತ್ತು ಬರುತ್ತಿದ್ದಾನೆ, ನಡುವೆ ಅಳತೆ ಪಾತ್ರೆ, ಪಕ್ಕದಲ್ಲಿ ಒಬ್ಬ ಅದರ ಬಾಯಿ ಸಮ ಮಾಡುವ ಕೋಲು ಹಿಡಿದು ನಿಂತಿದ್ದಾನೆ. ನಮ್ಮಪ್ಪ ದಾವಣಗೆರೆಯಲ್ಲಿ ದಲ್ಲಾಳಿ ಅಂಗಡಿಯ ಗುಮಾಸ್ತರಾಗಿದ್ದರು. ಮೂಟೆ ಹೊತ್ತ ಹಮಾಲಿಯ ಕತ್ತು ಹೇಗೆ ಮುಂದಕ್ಕೆ ಬಾಗುತ್ತದೆ ಅಂತ ಚಿಕ್ಕಂದಿನಿಂದ ನೋಡಿದ್ದೇನೆ. ಚಿತ್ರ ಮಾಡಿದವನೂ ನೋಡಿದ್ದ.

ಇವರಲ್ಲಿ ಎಷ್ಟೋ ಜನ ಗುಲಾಮರು. ರೋಮನ್ನರ ಜೀವನ ಅಂದಾಗ ಇದನ್ನು ಪಕ್ಕಕ್ಕಿಟ್ಟು ಮಾತಾಡಲು ನನಗೆ ಮನಸ್ಸು ಬರುವುದಿಲ್ಲ. ಕೊಂಡವನು ಹೊಡೆಯಬಹುದು, ಮಾರಬಹುದು, ಕೇಳುವವರಿಲ್ಲ. ಆದರೆ ಅಲ್ಲಿ ಗುಲಾಮನನ್ನು ಬಿಡುಗಡೆ ಮಾಡುವ ರೂಢಿಯೂ ಜಾಸ್ತಿ ಇತ್ತು, ಕಾನೂನಿನ ಪ್ರಕಾರ ರೋಮನ್ ಪೌರ ಬಿಡುಗಡೆ ಮಾಡಿದರೆ ಅವನೂ ಪೌರನಾಗುತ್ತಿದ್ದ. ಹಳೇ ಯಜಮಾನನಿಗೆ ಕೆಲಸ ಮಾಡಿಕೊಡುವ ಋಣ ಉಳಿಯುತ್ತಿತ್ತು, ಊರಿನ ಅಧಿಕಾರಿಯಾಗುವಂತಿರಲಿಲ್ಲ, ಆದರೆ ಅವನ ಮಗ ಆಗಬಹುದಿತ್ತು. ಒಂದು ಉಗ್ರಾಣದ ಇಟ್ಟಿಗೆ ಬಾಗಿಲ ಮೇಲೆ ಅಮೃತಶಿಲೆಯ ಹಲಗೆಯಲ್ಲಿ ಎರಡು ಹೆಸರಿವೆ, ಎಪಗಾಥಸ್, ಎಪಾಫ್ರೊಡಿಟಸ್. ಎರಡೂ ಗ್ರೀಕ್ ಹೆಸರು, ಬಿಡುಗಡೆಯಾದ ಗುಲಾಮರೇ ಇರಬೇಕು ಎಂದು ತಿಳಿದವರು ಹೇಳುತ್ತಾರೆ. ಬಾಗಿಲ ಎರಡೂ ಬದಿ ಇಟ್ಟಿಗೆಯಲ್ಲೇ ಕಂಬ ಮಾಡಿಸಿದ್ದಾರೆ, ಗುಡಿಯ ಬಾಗಿಲಿನ ಹಾಗೆ. ಒಂದು ಕಾಲಕ್ಕೆ ತಮ್ಮನ್ನೇ ಸರಕಿನಂತೆ ಕೊಂಡಿದ್ದರೆ, ಸರಕು ಇಡುವ ಮನೆ ಕಟ್ಟಿಸಿ ಹೆಸರು ಬರೆಸಿದ ದಿನ ಅವರಿಗೆ ಹೇಗನಿಸಿರಬಹುದು? ಅಲ್ಲಿ ನಾನು ತುಂಬ ಹೊತ್ತು ನಿಂತಿದ್ದೆ.

ಸಮುದ್ರದ ಬಾಗಿಲ ಆಚೆ ಯಹೂದಿಗಳ ಪ್ರಾರ್ಥನಾ ಮಂದಿರ ಇದೆ. 1961ರಲ್ಲಿ ವಿಮಾನ ನಿಲ್ದಾಣಕ್ಕೆ ರಸ್ತೆ ಮಾಡುವಾಗ ಸಿಕ್ಕಿತಂತೆ, ಕಲ್ಲಿನಲ್ಲಿ ಕೆತ್ತಿದ ಏಳು ಕವಲಿನ ದೀಪ ನೋಡಬಹುದು. ಅಷ್ಟರಲ್ಲಿ ಕಾಲು ಸೋತಿತ್ತು, ವಾಪಸ್ ಹೊರಟೆವು.

ರೈಲಿನಲ್ಲಿ ತಮ್ಮ ತನ್ನ ಮೊಬೈಲಿನಲ್ಲಿ ಒಂದು ಚಿತ್ರ ತೋರಿಸಿದ. ಒಸ್ತಿಯಾದ ಒಂದು ಸಮಾಧಿಯ ಗೋಡೆಯದ್ದು, ಈಗ ವ್ಯಾಟಿಕನ್‌ನಲ್ಲಿದೆ. ಇಸಿಸ್ ಜೆಮಿನಿಯಾನಾ ಅನ್ನುವ ದೋಣಿ. ಹಿಂದೆ ಫಾರ್ನಾಸೆಸ್, ಅವನೇ ನಡೆಸುವವನು. ಹಲಗೆಯ ಮೇಲೆ ಇಬ್ಬರು ಮೂಟೆ ಹೊತ್ತು ಹತ್ತುತ್ತಿದ್ದಾರೆ, ನಡುವೆ ಒಬ್ಬ ಚೀಲದಿಂದ ಕಾಳು ಸುರಿಯುತ್ತಿದ್ದಾನೆ. ಮುಂದಿನ ತುದಿಯಲ್ಲಿ ಒಬ್ಬ ಕೈ ಎತ್ತಿ ಕೂತಿದ್ದಾನೆ. ಅವನ ಹತ್ತಿರ ಒಂದೇ ಪದ, ಫೇಕಿ.

"ಅಂದ್ರೆ?" ಎಂದೆ.

"ನನ್ನ ಕೆಲಸ ಮುಗೀತು ಅಂತ, ಅಕ್ಕಾ."