ಹಾಳಾದ ನೆಗೆಟಿವ್ ಮತ್ತು ‘ಸ್ಟಾಕರ್’

11 ಆಗಸ್ಟ್ 2024, ಭಾನುವಾರ

ನಿನ್ನೆ ರಾತ್ರಿ ರಷ್ಯನ್ ನಿರ್ದೇಶಕ ಆಂದ್ರೇ ತಾರ್ಕೋವ್‌ಸ್ಕಿಯವರ ‘ಸ್ಟಾಕರ್’ ಚಿತ್ರವನ್ನು ಮೂರನೆಯ ಸಲ ನೋಡಿದೆ. ದಾರಿ ತೋರುವ ಸ್ಟಾಕರ್, ಅವನೊಂದಿಗೆ ಹೊರಟ ಇಬ್ಬರು, ಹೀಗೆ ಮೂವರು ಹಳಿಬಂಡಿಯಲ್ಲಿ ಕುಳಿತು ‘ವಲಯ’ವೆಂಬ ನಿಷೇಧಿತ ಪ್ರದೇಶದೊಳಕ್ಕೆ ಸಾಗುವ ದೃಶ್ಯದಲ್ಲಿ ಕ್ಯಾಮೆರಾ ದಾರಿಗಿಂತ ಹೆಚ್ಚಾಗಿ ಅವರ ತಲೆಯ ಹಿಂಭಾಗವನ್ನೂ ದಣಿದ ಮುಖಗಳನ್ನೂ ನೋಡುತ್ತಿರುತ್ತದೆ, ಹಳಿಯ ಟಕಟಕ ಸದ್ದು ಎಡ್ವರ್ಡ್ ಆರ್ತೆಮ್ಯೆವ್ ಅವರ ಎಲೆಕ್ಟ್ರಾನಿಕ್ ನಾದದೊಳಗೆ ಎಲ್ಲಿ ಕರಗಿತೆಂದು ತಿಳಿಯುವ ಮೊದಲೇ ಕಂದು ಲೋಕ ಮುಗಿದು ಹಸಿರು ಎದುರಿಗೆ ನಿಂತಿರುತ್ತದೆ.

ಆ ಹಸಿರು ಎಸ್ಟೋನಿಯಾದ್ದು. ಮೊದಲು ಗೊತ್ತುಮಾಡಿದ್ದ ತಾಜಿಕಿಸ್ತಾನದ ಇಸ್ಫರಾ ಭೂಕಂಪದಿಂದಾಗಿ ಕೈತಪ್ಪಿ, ತಂಡ ತಾಲಿನ್ ಸಮೀಪದ ಯಾಗಲಾ ನದಿಯ ದಡಕ್ಕೆ ಬಂತು. 1977ರಲ್ಲಿ ಕೊಡಕ್‌ನ ಹೊಸ ಬಗೆಯ ಫಿಲ್ಮಿನಲ್ಲಿ ತಿಂಗಳುಗಟ್ಟಲೆ ಚಿತ್ರೀಕರಿಸಿದ್ದು ಸಂಸ್ಕರಣೆಯ ನಂತರ ಬಳಸಲು ಬಾರದಷ್ಟು ಕೆಟ್ಟಿತ್ತು. ಛಾಯಾಗ್ರಾಹಕ ಗ್ಯೋರ್ಗಿ ರೆರ್‌ಬರ್ಗ್ ತಂಡದಿಂದ ಹೊರಬಿದ್ದರು. 1978ರ ಏಪ್ರಿಲ್‌ನಲ್ಲಿ ತಾರ್ಕೋವ್‌ಸ್ಕಿಯವರಿಗೆ ಹೃದಯಾಘಾತವಾಯಿತು. ಚಿತ್ರವನ್ನು ಎರಡು ಭಾಗಗಳದ್ದೆಂದು ಒಪ್ಪಿಸಿ ಹೆಚ್ಚಿನ ಹಣವನ್ನೂ ಕಾಲಾವಕಾಶವನ್ನೂ ಪಡೆದು, ಅಲೆಕ್ಸಾಂಡರ್ ಕ್ನ್ಯಾಜಿನ್‌ಸ್ಕಿಯವರ ಕ್ಯಾಮೆರಾದೊಂದಿಗೆ ಅವರು ಮತ್ತೆ ಮೊದಲಿನಿಂದ ಆರಂಭಿಸಿದರು.

ಕಳೆದುಹೋದ ಆ ಚಿತ್ರಿಕೆಗಳಿಗಾಗಿ ನಾನು ಬಹಳ ಕಾಲ ಮರುಗಿದ್ದೆ. ಈಗ ಹಾಗನ್ನಿಸುವುದಿಲ್ಲ. ಚಿತ್ರಕ್ಕೆ ಮೂಲವಾದ ಸ್ತ್ರುಗಾತ್‌ಸ್ಕಿ ಸೋದರರ ಕಾದಂಬರಿಯಲ್ಲಿ ಸ್ಟಾಕರ್ ಎಂದರೆ ಕಳ್ಳಸಾಗಣೆಯಲ್ಲಿ ಪಳಗಿದ ಒರಟ. ಆದರೆ ಚಿತ್ರ ನಿಂತುಹೋಗಿದ್ದ ಆ ಬಿಡುವಿನಲ್ಲಿ ಅವರೇ ಹೊಸದಾಗಿ ಬರೆದುಕೊಟ್ಟ ಚಿತ್ರಕಥೆಯಲ್ಲಿ ಅವನು ದೀನನಾದ, ನಂಬಿಕೆಯೊಂದನ್ನೇ ನೆಚ್ಚಿಕೊಂಡ ಮನುಷ್ಯನಾದ. ವಲಯ ತಲುಪಿದೊಡನೆ ಸ್ಟಾಕರ್ ಪಾತ್ರದ ಕೈದನೋವ್‌ಸ್ಕಿ ಹುಲ್ಲಿನಲ್ಲಿ ಬೋರಲಾಗಿ ಮಲಗುವುದನ್ನು ನೋಡಿದರೆ, ಬಹುದಿನದ ಮೇಲೆ ತಾಯಿಯ ಮಡಿಲಿಗೆ ಮರಳಿದವನನ್ನು ಕಂಡಂತಾಗುತ್ತದೆ. ಆ ಒರಟನಿಗೆ ಹೀಗೆ ಮಲಗಲು ಬರುತ್ತಿರಲಿಲ್ಲ.

ಆದರೆ ಎರಡನೆಯ ಸಲ ಚಿತ್ರಿಸಿದ್ದೆಂದರೆ ಆ ನದಿಯ ದಡದಲ್ಲಿ ಮತ್ತಷ್ಟು ದಿನ ನಿಂತದ್ದೂ ಹೌದು. ಮೇಲ್ಹರಿವಿನ ರಾಸಾಯನಿಕ ಕಾರ್ಖಾನೆಯೊಂದು ವಿಷವನ್ನು ನೀರಿಗೆ ಬಿಡುತ್ತಿತ್ತೆಂದು ಧ್ವನಿ ವಿಭಾಗದ ವ್ಲಾದಿಮಿರ್ ಶಾರುನ್ ಹೇಳಿದ್ದಾರೆ. ಮುಂದಿನ ಸಾವುಗಳಿಗೆ ಅದೇ ಕಾರಣವೆಂದು ಅವರ ನಂಬಿಕೆ. ಆ ಮೂವರಲ್ಲೊಬ್ಬನಾದ ಲೇಖಕನ ಪಾತ್ರ ವಹಿಸಿದ್ದ ಸೊಲೊನಿತ್ಸಿನ್ 1982ರಲ್ಲಿ, ತಾರ್ಕೋವ್‌ಸ್ಕಿ 1986ರಲ್ಲಿ ಪ್ಯಾರಿಸಿನಲ್ಲಿ, ಇಬ್ಬರೂ ಕ್ಯಾನ್ಸರಿನಿಂದಲೇ ತೀರಿಕೊಂಡರು. ನದಿಯ ಮೇಲೆ ಬಿಳಿ ನೊರೆ ತೇಲಿಬರುವ ದೃಶ್ಯವನ್ನು ಮೊದಲ ಸಲ ನೋಡಿದಾಗ ಎಷ್ಟು ಚೆಲುವಾಗಿದೆ ಎಂದುಕೊಂಡಿದ್ದೆ. ನಿನ್ನೆ ಅಲ್ಲಿ ಚಿತ್ರವನ್ನು ನಿಲ್ಲಿಸಿ, ಬಹಳ ಹೊತ್ತು ಆ ನೊರೆಯನ್ನೇ ನೋಡುತ್ತ ಕುಳಿತಿದ್ದೆ.