ಕಲ್ಲಿನ ಮೇಲೆ ಒಂದು ಜೊತೆ ಪಾದ

ಜೋರ್ಡಾನ್‌ನ ವಾದಿ ರಮ್ ಮರುಭೂಮಿಯಿಂದ ಬಂದು ವಾರವಾಯಿತು. ಮನಸ್ಸು ಇನ್ನೂ ಆ ಕೆಂಪು ಮರಳಲ್ಲೇ ಇದೆ. ಅಲ್ಲಿ ಖಝಾಲಿ ಅಂತ ಒಂದು ಇಕ್ಕಟ್ಟಾದ ಕಲ್ಲುಸಂದಿ. ಒಳಗೆ ಹೋದರೆ ತಂಪು. ಗೋಡೆ ಮೇಲೆ ಕೆತ್ತಿದ ಮನುಷ್ಯರು, ಪ್ರಾಣಿಗಳು, ಒಂದು ಜೊತೆ ಪಾದ. ಆ ಪಾದ ನೋಡಿ ಅಲ್ಲೇ ನಿಂತುಬಿಟ್ಟೆ. ಯಾರದ್ದಿರಬಹುದು?

ಇಡೀ ಪ್ರದೇಶದಲ್ಲಿ ಇಂಥ ಕೆತ್ತನೆಗಳು ಸುಮಾರು 25,000, ಬರಹಗಳು 20,000. ಹನ್ನೆರಡು ಸಾವಿರ ವರ್ಷಗಳ ಮನುಷ್ಯರ ಗುರುತು! 2011ರಲ್ಲಿ ಯುನೆಸ್ಕೋದ ವಿಶ್ವ ಪರಂಪರೆ ಪಟ್ಟಿಗೆ ಸೇರಿದ್ದು ಪ್ರಕೃತಿ, ಸಂಸ್ಕೃತಿ ಎರಡೂ ಕಾರಣಕ್ಕೆ. ಅದು ಸರಿಯೇ, ಅಲ್ಲಿ ಬೆಟ್ಟವನ್ನೂ ಬದುಕನ್ನೂ ಬೇರೆ ಮಾಡಿ ನೋಡಲು ಆಗುವುದೇ ಇಲ್ಲ.

ಮರಳುಗಲ್ಲು ಬಹಳ ಮೆತ್ತಗೆ. ಪಕ್ಕದಲ್ಲೇ ಯಾರೋ ಹೊಸದಾಗಿ ಹೆಸರು ಗೀಚಿದ್ದು ಕಂಡು ಸಂಕಟವಾಯಿತು. ನಮ್ಮ ಜೀಪಿನ ಬೆದೂಯಿನ್ (ಅರಬ್ ಮರುಭೂಮಿಯ ಬುಡಕಟ್ಟು) ಅಣ್ಣ ಮಾತ್ರ ಬಂದವರಿಗೆಲ್ಲ ಕೈಸನ್ನೆಯಲ್ಲೇ ಹೇಳುತ್ತಿದ್ದರು, ಮುಟ್ಟಬೇಡಿ, ಮುಟ್ಟಬೇಡಿ ಅಂತ.